ಪುರೋ

ಕೋಡಿಬಾಗದ ಖಾನಾವಳಿಗೆ ನಾನು ಸೇರಿದ ದಿನ
ಸುಲಭಾಬಾಯಿ ಹೇಳಿದ್ದು ಇಷ್ಟೇ:
ಅನ್ನ ಕಮ್ಮಿಯಾದರೂ ಬೈತಾರೆ, ಹೆಚ್ಚಾದರೂ ಬೈತಾರೆ.
ಮಾತು ಕೇಳಿ ಸೌಟು ನಿಲ್ಲಿಸು.

ಕಾನಸೂರಿನವ ನಾನು. ಅಲ್ಲಿ ನಮ್ಮ ಅಮ್ಮಮ್ಮ
ಎಲೆ ಮಡಚುತ್ತ ಅನ್ನುತ್ತಿದ್ದಳು:
'ಹೊಟ್ಟೆ ಬಾಗಿಲು ಹಾಕ್ಕಂಡ್ತು.'
ಆಮೇಲೆ ಚಿಲಕದ ಸದ್ದಿನಂಥ ಸಣ್ಣದೊಂದು ತೇಗು.
ನನಗೆ ಗೊತ್ತಿದ್ದದ್ದು ಆ ಒಂದೇ ಬಾಗಿಲು.

ಇಲ್ಲಿ ಬಾಯಿಗೊಂದು ಮಾತು.
ಹುಬ್ಬಳ್ಳಿ ಬಸ್ಸಿನ ಕಂಡಕ್ಟರ್ ಹೊಟ್ಟೆ ತಟ್ಟಿಕೊಂಡು
'ಸೀಟ್ ಇಲ್ಲೋ ತಮ್ಮಾ,
ನಿಂತ್ ಹೋಗ್ತೈತಿ ಅಂದ್ರ ಒಂದ್ ತುತ್ತು ಹತ್ಸು.'
ಕೋರ್ಟಿನ ಗುಮಾಸ್ತ ಶಿರೋಡ್ಕರರು
ಕನ್ನಡಕ ಒರೆಸಿ, 'ಪ್ರಕರಣ ಮುಕ್ತಾಯ.'
ಸೋಲ್ ಕಡಿ ಬಂದರೆ ಮಾತ್ರ ಮೇಲ್ಮನವಿ.
ಬಸಳೆ ಮಾರಿ ಬರುವ ಬೀರಮ್ಮ
ಕೊರಳ ತುಂಬ ಇರುವ ಸರಗಳನ್ನು ಎತ್ತಿ ಹಿಡಿದು
'ಅನ್ನ ಮಣಿಗೆ ಮುಟ್ತು ಮಗಾ.'

'ಸಾಕು' ಎಂದರೆ ಯಾರನ್ನೂ ನಂಬಬಾರದು.
ಸಾಕು ಎನ್ನುತ್ತ ಅಡ್ಡ ಹಿಡಿದ ಕೈಯಲ್ಲಿ
ಬೆರಳ ಸಂದಿಗೆ ಅರ್ಧ ಸೌಟಿನ ಜಾಗವಿರುತ್ತದೆ.
ಸಾಕು ಸಾಕು ಎಂದರೆ ಒಂದು ಸೌಟು.
ಸಾಕಪ್ಪಾ ಎಂದರೆ ಮನೆಯಲ್ಲಿ ಜಗಳವಾಗಿದೆ,
ಅನ್ನಕ್ಕೂ ಅದಕ್ಕೂ ಸಂಬಂಧವಿಲ್ಲ.
ಇದೆಲ್ಲ ಆಮೇಲೆ ಕಲಿತದ್ದು.

ಎರಡನೆಯ ದಿನ ಶಾಬಾ ಹರಿಕಂತ್ರ ಬಂದ.
ಬೈತಖೋಲದಲ್ಲಿ ದೋಣಿ ಇಂಜಿನ್ನು ರಿಪೇರಿಯವ,
ಕಡ್ಡಿಯಂಥ ಮನುಷ್ಯ, ಉಗುರಲ್ಲಿ ಗ್ರೀಸು.
ಬಾಂಗಡೆ ಸಾರು, ಎರಡು ಸಲ ಅನ್ನ.
ಮೂರನೆಯದಕ್ಕೆ ನಾನು ಬಾಗಿದಾಗ 'ಪುರೋ' ಎಂದ.
ಪೂರಾ? ಎಂದೆ.
ಪುರೋ, ಪುರೋ! ಎಂದ ಜೋರಾಗಿ.
ಇಷ್ಟು ಸಣ್ಣ ಮೈಗೆ ಇದೆಂಥ ಹಸಿವಪ್ಪಾ ಅಂದುಕೊಂಡು
ಪಾತೇಲೆ ಬಗ್ಗಿಸಿ, ತಳ ಕೆರೆದು
ಪೂರಾ ಸುರಿದೆ.

ಫ್ಯಾನು ಮಾತ್ರ ತಿರುಗುತ್ತಿತ್ತು.
ಕೊಂಕಣಿಯಲ್ಲಿ ಹಾಗೆಂದರೆ ಸಾಕು ಅಂತ
ಗುಮಾಸ್ತರು ಅರ್ಥ ಬಿಡಿಸುವ ಹೊತ್ತಿಗೆ
ಶಾಬಾನ ಎದುರು ದೇವಗಡ ದ್ವೀಪ ಎದ್ದಿತ್ತು,
ತುದಿಯಲ್ಲಿ ದೀಪಸ್ತಂಭದ ಹಾಗೆ
ಕರಿದ ಮೆಣಸಿನಕಾಯಿ.

ಅವನು ಬೈಯಲಿಲ್ಲ.
ಬೆಲ್ಟು ಎರಡು ತೂತು ಸಡಿಲಿಸಿದ.
ಸಾರು ಕೇಳಿದ. ಮತ್ತೆ ಸಾರು ಕೇಳಿದ.
ನಡುವೆ ಒಮ್ಮೆ ಎದ್ದು, ಚೀಲಕ್ಕೆ ಅಕ್ಕಿ ತುಂಬುವವರು
ಚೀಲ ಕುಲುಕುತ್ತಾರಲ್ಲ, ಹಾಗೆ
ತನ್ನನ್ನೇ ಕುಲುಕಿಕೊಂಡು ಮತ್ತೆ ಕೂತ.
ಮೂರೂಕಾಲಿಗೆ ತಟ್ಟೆ ಬರಿದು.
ತೇಗು ಬಂತು, ಕಾಳಿ ಸೇತುವೆಯ ಮೇಲೆ
ಲಾರಿ ಹೋದಂತೆ, ಕಂಬಕಂಬಕ್ಕೂ ಒಂದೊಂದು ಸಲ.
'ಭರತಿ' ಎಂದ, ಕಿಟಕಿಯಾಚೆ ಕೈ ತೋರಿಸಿ.
ಅಲ್ಲಿ ನೀರು ದಡದ ಕಲ್ಲುಗಳನ್ನೆಲ್ಲ ನುಂಗಿ
ಇನ್ನೊಂದು ಹನಿಗೂ ಜಾಗವಿಲ್ಲದೆ
ಮಿಸುಕದೆ ಮಲಗಿತ್ತು.

ಆ ಅನ್ನದ ಲೆಕ್ಕವನ್ನು ಸುಲಭಾಬಾಯಿ
ನನ್ನ ಹೆಸರಿಗೆ ಬರೆದಳು. ಬರೆದು ನಕ್ಕಳು.
ನಕ್ಕರೂ ಹೊಡೆದುಹಾಕಲಿಲ್ಲ.

ಮರುದಿನ ಅವನು ಬರಲಿಲ್ಲ, ಅದರ ಮರುದಿನವೂ.
ಎಲ್ಲಿ ಹೊಟ್ಟೆ ಒಡೆದು ಸತ್ತನೋ ಎಂದು
ಓಡುತ್ತ ಬೈತಖೋಲಕ್ಕೆ ಹೋದೆ.
ಇಂಜಿನ್ನಿನೊಳಗೆ ಮೊಣಕೈವರೆಗೂ ಕೈ.
ತಲೆ ಎತ್ತದೆಯೇ ಹೇಳಿದ:
'ಸುಕತಿ ಆಗ್ಲಿಲ್ಲ ಮಾರಾಯಾ ಇನ್ನೂ.'

ಈಗ ಹನ್ನೊಂದು ವರ್ಷ. ಕೊಂಕಣಿ ಬರುತ್ತದೆ,
ಬೈಯಲೂ ಬರುತ್ತದೆ.
ನಾಲ್ಕು ಗಂಟೆಗೆ, ಬೆಂಚುಗಳನ್ನೆಲ್ಲ ಒರೆಸಿದ ಮೇಲೆ
ನಾನು ಉಣ್ಣಲು ಕೂರುತ್ತೇನೆ.
ಆ ಹೊತ್ತಿನಲ್ಲಿ ಬಡಿಸುವವಳು ಸುಲಭಾಬಾಯಿಯೇ.
'ಬಾಗಿಲು ಹಾಕ್ಕಂಡ್ತಾ?' ಎನ್ನುತ್ತಾಳೆ,
ನಮ್ಮ ಕಡೆಯ ಮಾತನ್ನು ಸೊಟ್ಟ ಮಾಡಿ.
'ಪುರೋ' ಎನ್ನುತ್ತೇನೆ, ಕೈ ಅಡ್ಡ ಹಿಡಿದು.

'ಪೂರಾ?' ಎಂದು ಕೇಳಿ,
ಉತ್ತರಕ್ಕೆ ಕಾಯದೆ,
ಪಾತೇಲೆ ಬಗ್ಗಿಸುತ್ತಾಳೆ.