ದಾರಕ್ಕೆ ಕಟ್ಟಿದ ಚೀಟಿ

ಪೆಟ್ರೊಪಾವ್ಲ್‌ನಲ್ಲಿ ಅಕ್ಟೋಬರ್ ಎಂದರೆ
ನೆಲ ಗಟ್ಟಿಯಾಗುವ ಮುನ್ನ ಮುಗಿಸಬೇಕಾದ್ದರ ತಿಂಗಳು.
ಕಿಟಕಿ ಸಂದಿಗೆ ಹತ್ತಿ, ಉಪ್ಪುನೀರಿಗೆ ಎಲೆಕೋಸು,
ಕಾರಿಗೆ ಎಣ್ಣೆ.

ಕಾರು ನನ್ನದಾಗಿ ಐದು ವಾರ.
ಜೀಪಾಗಲು ಹೊರಟು ಅರ್ಧ ದಾರಿಯಲ್ಲಿ
ಮನಸ್ಸು ಬದಲಿಸಿದಂಥ ಗಾಡಿ. ಹಳೆಯ ಕೆಟಲಿನ ಬಣ್ಣ.
ಹಿಂದಿನ ಸೀಟಿನಡಿ ಯಾವುದೋ ಮಗುವಿನ
ಒಂಟಿ ಕೈಗವಸು.
ಹಳ್ಳಿ ಶಾಲೆಗಳ ಪಿಯಾನೊ ಶ್ರುತಿ ಮಾಡುವವಳಿಗೆ
ಇಷ್ಟು ಎತ್ತರದ ಗಾಡಿ ಸಾಕು, ಹಿಮಕ್ಕೆ ಹೊಟ್ಟೆ ತಾಗದಷ್ಟು.

ಬಾನೆಟ್ ಎತ್ತಿದರೆ ದಾರಕ್ಕೆ ಕಟ್ಟಿದ ರಟ್ಟಿನ ಚೀಟಿ:
'ಐದು ಡಬ್ಲ್ಯು ಮೂವತ್ತು. ನಾಲ್ಕೂವರೆ ಲೀಟರ್. ಎಣ್ಣೆ ತಿನ್ನುವುದಿಲ್ಲ.'
ದುಂಡಗಿನ ಅಕ್ಷರ, ಕೊನೆಗೊಂದು ಗೆರೆ.
ಕೊಳ್ಳುವಾಗ ನಾನು ನಂಬಿದ್ದು ಮಾರಿದವನ ಮುಖವನ್ನಲ್ಲ,
ಆ ಗೆರೆಯನ್ನು.

ಅರ್ಕಾದಿ ಫ್ರಾಂತ್ಸೆವಿಚ್‌ನ ಗ್ಯಾರೇಜು, ಸಾಲಿನಲ್ಲಿ ಮೂವತ್ತೊಂದನೆಯದು.
ಗುಂಡಿ ಅವನದು, ಸ್ಪ್ಯಾನರ್ ಅವನದು, ಬೆನ್ನು ನನ್ನದು.
'ಹತ್ತು ನಿಮಿಷ ಓಡಿಸಿ ಬಾ ಕಮ್ಷಾತ್,
ತಣ್ಣಗಿನ ಎಣ್ಣೆ ಕೊಳೆಯನ್ನು ಬಿಟ್ಟು ಬರುತ್ತೆ.'
ಓಡಿಸಿ ಬಂದೆ. ಬಿರಟೆ ತಿರುವಿದೆ.
ಮಣಿಕಟ್ಟಿನ ಮೇಲೆ ಬಿಸಿ ಹಗ್ಗದಂತೆ ಬಿತ್ತು,
ಕಪ್ಪು,
ಆಮೇಲೆ ದಾರ, ಆಮೇಲೆ ಹನಿ,
ಆಮೇಲೆ ಹನಿಗೂ ಹನಿಗೂ ನಡುವೆ ಅವನ ಕೆಮ್ಮು.

ಬೇಸಿನ್ನಿನಿಂದ ಉಪ್ಪಿನಕಾಯಿ ಭರಣಿಗೆ ಸುರಿದೆವು.
ಮೂರು ಲೀಟರಿನ ಭರಣಿ.
ತುಂಬಲಿಲ್ಲ.

ಅವನು ಮಾತಾಡಲಿಲ್ಲ. ಭರಣಿಯನ್ನು ಬಲ್ಬಿಗೆ ಹಿಡಿದು
ಕತ್ತಿನ ಕೆಳಗೆ ಉಳಿದ ಖಾಲಿ ಗಾಜನ್ನು ಬೆರಳಿಂದ ಅಳೆದ.
ಎರಡು ಸಾವಿರ ಕಿಲೋಮೀಟರಿನಲ್ಲಿ
ಒಂದೂಮುಕ್ಕಾಲು ಲೀಟರ್ ಹೊಗೆಯಾಗಿ ಹೋಗಿದೆ.
ಕೊಂಡ ದಿನ ಕಡ್ಡಿ ಎಳೆದಾಗ ಭರ್ತಿ ಇತ್ತು, ನಿಜ.
ಆ ಬೆಳಗ್ಗೆಯಷ್ಟೇ ಸುರಿದಿದ್ದರು, ಅದೂ ನಿಜ.
ಮತ್ತೆ ಒಮ್ಮೆಯೂ ಎಳೆಯದವಳು ನಾನು.
ಎಣ್ಣೆ ಬಂದಾಗ ಕಣ್ಣು ಮುಚ್ಚಿದರೆಂದು ಗಾದೆ;
ನಾನು ಮುಚ್ಚಿದ್ದು ಕಿವಿ.
ದಿನಾ ಬೆಳಗ್ಗೆ ಎಂಜಿನ್ನಿನ ನೆತ್ತಿಯಲ್ಲಿ ಟಿಕ್ ಟಿಕ್ ಟಿಕ್,
ಚಳಿ ಅಂದುಕೊಂಡೆ.
ಕಿವಿಯಿಂದಲೇ ಅನ್ನ ತಿನ್ನುವವಳು!

'ಹತ್ತು ನಲವತ್ತು ಹಾಕು,' ಅಂದ ಅರ್ಕಾದಿ,
'ದಪ್ಪ ಎಣ್ಣೆಗೆ ಹೊಗೆ ಕಡಿಮೆ. ಏಪ್ರಿಲ್‌ನಲ್ಲಿ ಮಾರಿಬಿಡು.
ಚೀಟಿ ಹೇಗೂ ಇದೆಯಲ್ಲ.'

ಎಣ್ಣೆ ಅಂಗಡಿಯ ಸಗಿರಾ ಹೇಳಿದ್ದು ನೆನಪಾಯಿತು.
ಹೋದ ಜನವರಿ, ಮೈನಸ್ ಮೂವತ್ತಾರರ ರಾತ್ರಿ,
ಬಾಲ್ಕನಿಯಲ್ಲಿ ಎರಡು ಶೀಶೆ ಇಟ್ಟಿದ್ದಳಂತೆ.
ಬೆಳಗ್ಗೆ ಬಗ್ಗಿಸಿದರೆ ಐದರದ್ದು ಸೋಮಾರಿಯಾಗಿ ಎದ್ದು ಬಂತು,
ಹತ್ತರದ್ದು ಏಳಲೇ ಇಲ್ಲ.
'ಮೊದಲ ಅಂಕಿ ಚಳಿಗೆ, ಅದರ ಜೊತೆ ಚೌಕಾಸಿ ಬೇಡ.
ಎರಡನೆಯದು ಬಿಸಿಗೆ. ಅಲ್ಲಿ ಗಾಡಿಯ ವಯಸ್ಸು ಕೇಳು.'

ಐದು ನಲವತ್ತು ತಂದೆ.
ಹಳೆಯ ಪಿಯಾನೊ ತಂತಿಗಳನ್ನೂ ಹಾಗೇ,
ಪೂರ್ತಿ ಶ್ರುತಿಗೆ ಎಳೆದರೆ ಕಿತ್ತುಬರುತ್ತವೆ;
ಕೂದಲೆಳೆಯಷ್ಟು ಕೆಳಗೆ ನಿಲ್ಲಿಸಿ
ಉಳಿದೆಲ್ಲವನ್ನೂ ಅದಕ್ಕೆ ಒಪ್ಪಿಸುತ್ತೇನೆ.
ಮಕ್ಕಳು ಹಾಡುತ್ತಾರೆ. ಯಾರಿಗೂ ಗೊತ್ತಾಗುವುದಿಲ್ಲ.
ನನಗೆ ಗೊತ್ತಿರುತ್ತದೆ.

ಹೊಸ ತಾಮ್ರದ ಬಳೆ, ಹೊಸ ಫಿಲ್ಟರ್,
ಅದರ ರಬ್ಬರಿನ ತುಟಿಗೆ ಬೆರಳಿಂದ ಸವರಿದ ಎಣ್ಣೆ.
ಸುರಿಯುವಾಗ ಜೇನಿನ ಬಣ್ಣ, ವಾಸನೆ ಮಾತ್ರ ಔಷಧದ ಅಂಗಡಿಯದು.
ಕೀಲಿ ತಿರುಗಿಸಿದೆ.
ಕೆಂಪು ದೀಪ ಒಂದು, ಎರಡು, ಮೂರು ಎಣಿಸುವಷ್ಟು ಉರಿದು
ಆರಿತು.
ಟಿಕ್ ಟಿಕ್ ಇನ್ನೂ ಇತ್ತು, ಸ್ವಲ್ಪ ದೂರದಿಂದ,
ಪಕ್ಕದ ಮನೆಯ ಗಡಿಯಾರದ ಹಾಗೆ.

ಅರ್ಕಾದಿ ಹಳೆಯ ಚೀಟಿಯನ್ನು ಒಲೆಗೆ ಹಾಕಲು ಹೋದ.
ತಡೆದೆ. ದಾರದಲ್ಲಿ ಅದು ಅಲ್ಲೇ ಇರಲಿ.
ಅದರ ಪಕ್ಕ ಚಹಾ ಪೊಟ್ಟಣದ ರಟ್ಟು ಕತ್ತರಿಸಿ
ನನ್ನ ಸೊಟ್ಟ ಅಕ್ಷರದಲ್ಲಿ ಬರೆದೆ:

'ಐದು ಡಬ್ಲ್ಯು ನಲವತ್ತು. ಅಕ್ಟೋಬರ್ ಹನ್ನೊಂದು.
ಸಾವಿರ ಕಿಲೋಮೀಟರಿಗೆ ಮುಕ್ಕಾಲು ಲೀಟರಿಗೂ ಜಾಸ್ತಿ ಕುಡಿಯುತ್ತದೆ.
ಡಿಕ್ಕಿಯ ಎಡಮೂಲೆಯಲ್ಲಿ ಒಂದು ಕ್ಯಾನ್ ಇದೆ.
ಸೋಮವಾರ ಸೋಮವಾರ ಕಡ್ಡಿ ಎಳೆದು ನೋಡಿ.'

ಕೊನೆಗೆ ಗೆರೆ ಎಳೆಯಲಿಲ್ಲ.