ಮೂವತ್ತು

ಹಲಸೂರಿನ ನಮ್ಮ ತಾತ ಮುನಿಚೌಡಯ್ಯ
ಕಣ್ಣಾಮುಚ್ಚಾಲೆಗೆ ಹತ್ತು ಎಣಿಸಲು ಬಿಡುತ್ತಿರಲಿಲ್ಲ.
ಮೂವತ್ತು, ಅನ್ನುತ್ತಿದ್ದ. ಪೂರ್ತಿ ಮೂವತ್ತು.
ಅಲ್ಲೀತನಕ ಮಣ್ಣಿಗೆ ಮುಖವಿಟ್ಟು ಬಿದ್ದಿರು,
ಆದಮೇಲೆ ಏಳು, ಓಡು.
ತಾತಾ, ಇದು ಉಲ್ಟಾ, ಎಂದು ನಾವು ನಗುತ್ತಿದ್ದೆವು,
ಎಣಿಸಿದವರು ಹುಡುಕಬೇಕು, ಓಡಬಾರದು.

ಕಂಟೋನ್ಮೆಂಟಿನ ಯಾವುದೋ ಮೆಸ್ಸಿನ ಮೆಟ್ಟಿಲ ಪಕ್ಕ
ಸಿಮೆಂಟು ಕಟ್ಟೆಯ ಮೇಲೆ ಮೂರು ಕಾಲೂರಿ ಕೂತಿತ್ತು ಅದು.
ಜಪಾನಿನದು, ಬರ್ಮಾದಿಂದ ಹೊತ್ತು ತಂದದ್ದು,
ಸೋತವರ ಮನೆಯ ಹಂಡೆಯನ್ನು ಗೆದ್ದವರು
ತಮ್ಮ ಅಂಗಳದಲ್ಲಿ ಬೋರಲು ಹಾಕಿದ ಹಾಗೆ.
ಪೆನ್ಷನ್ ಆದಮೇಲೆ ತಾತನಿಗೆ ಅಲ್ಲೇ ಕೆಲಸ:
ಅದಕ್ಕೆ ಎಣ್ಣೆ ಹಚ್ಚುವುದು, ಶನಿವಾರ ಶನಿವಾರ,
ತಾನು ಹಚ್ಚಿಕೊಳ್ಳುವ ದಿನವೇ.

ಒಮ್ಮೆ ಕರೆದುಕೊಂಡು ಹೋಗಿದ್ದ. ನನಗೆ ಒಂಬತ್ತು.
ಇದು ಗುಂಡಿಗೂ ಎಣ್ಣೆ ಸವರುತ್ತಿತ್ತು ಗೊತ್ತಾ, ಅಂದ,
ಒಂದೊಂದಕ್ಕೂ, ಒಳಗೊಂದು ಪುಟ್ಟ ಬ್ರಷ್ಷು.
ನಿಮ್ಮಮ್ಮ ಸ್ಕೂಲಿಗೆ ಕಳಿಸುವಾಗ ತಲೆ ಬಾಚುವುದಿಲ್ಲವಾ,
ಹಾಗೆ ಸವರಿ ಸವರಿ ಕಳಿಸುತ್ತಿತ್ತು
ನಮ್ಮ ಕಡೆಗೆ.

ಮೈಮೇಲೆ ಅಕ್ಷರ ಕೊರೆದಿತ್ತು. ಮೊದಲನೆಯದು
ಮೂರು ಅಡ್ಡಗೆರೆ, ಒಂದರ ಕೆಳಗೊಂದು.
ವಿಭೂತಿ, ಅಂದೆ ನಾನು.
ಅವರ ಭಾಷೆಯಲ್ಲಿ ಮೂರು ಅಂತೆ, ಅಂದ ತಾತ,
ಅವರ ದೊರೆ ಪಟ್ಟಕ್ಕೆ ಬಂದ ಮೂರನೇ ವರ್ಷದ ಮಾದರಿ.
ನನಗಿಂತ ಆರು ವರ್ಷ ದೊಡ್ಡದು.
ಆಮೇಲೆ ದನಿ ತಗ್ಗಿಸಿ: ವಿಭೂತಿಯೇ ಅಂದುಕೋ ಬಿಡು.
ಆಯುಧಪೂಜೆಗೆ ಎಲ್ಲ ಗನ್ನಿಗೂ ಕುಂಕುಮ ಇಡುವವನು ನಾನೇ,
ಇದೊಂದಕ್ಕೆ ಇಡುವುದಿಲ್ಲ.
ಹಚ್ಚಿಕೊಂಡೇ ಬಂದಿದೆ.

ಹಿತ್ತಾಳೆ ಪಟ್ಟಿಯಲ್ಲಿ ಮೂವತ್ತು ಗುಂಡು, ಬಾಚಣಿಗೆಯ ಹಲ್ಲಿನಂತೆ.
ಬಿಟ್ಟು ಬಿಟ್ಟು ಹೊಡೆದರೂ ಕಿವಿ ಕೂಡಿಸಿಕೊಳ್ಳುತ್ತಿತ್ತಂತೆ.
ಮೂವತ್ತು ಮುಗಿದು ಇನ್ನೊಂದು ಪಟ್ಟಿ ಸಿಕ್ಕಿಸುವಷ್ಟರಲ್ಲಿ
ಒಂದು ಉಸಿರು.
ಆ ಉಸಿರಿನಲ್ಲೇ ಅವನು ಸೇತುವೆಯ ಹಲಗೆ ಹೊತ್ತು ಹೊಳೆ ದಾಟಿದ್ದು.
ಅಂತೋಣಿದಾಸ ಇಪ್ಪತ್ತೆಂಟಕ್ಕೆ ಎದ್ದ.
ಲೆಕ್ಕ ತಪ್ಪಿತೋ, ಕಾಲು ಮರಗಟ್ಟಿತ್ತೋ,
ತಾತ ಅಲ್ಲಿಂದ ಮುಂದೆ ಹೇಳಿದ್ದಿಲ್ಲ.
ಇಪ್ಪತ್ತೆಂಟನೇ ತಾರೀಖು ಮಾತ್ರ ಯಾವ ತಿಂಗಳೂ
ಕ್ಷೌರ ಮಾಡಿಸುತ್ತಿರಲಿಲ್ಲ.

ಮಾರ್ಚಿನಲ್ಲಿ ಕೆರೆ ಪಕ್ಕದ ಅರಳಿಮರದಿಂದ
ಕಂಚುಕುಟಿಗ ಶುರುಮಾಡುತ್ತಿತ್ತು, ಟುಕ್ ಟುಕ್ ಟುಕ್ ಟುಕ್,
ಕಾಫಿ ಲೋಟ ಹಿಡಿದ ತಾತನ ತುಟಿ ಅಲ್ಲಾಡುತ್ತಿತ್ತು.
ಮೂವತ್ತೊಂದು ಬಂದರೆ ಮೊದಮೊದಲು ಬೆವರುತ್ತಿದ್ದನಂತೆ.
ನಾನು ನೋಡುವ ಹೊತ್ತಿಗೆ ಬೈಯುತ್ತಿದ್ದ:
ನಿಲ್ಲಿಸೋ ಬಡ್ಡಿಮಗನೇ, ಪಟ್ಟಿ ಬದಲಾಯಿಸು!

ಈಗ ನಾನು ಪೀಣ್ಯದಲ್ಲಿ ಲೇತ್ ನಡೆಸುತ್ತೇನೆ,
ಪಂಪಿನ ಬುಷ್ಷು, ದಿನಕ್ಕೆ ನಾನೂರು ಪೀಸು.
ಹೋದ ವಾರ ಅರ್ಜಿ ಬರೆದುಕೊಟ್ಟು, ಗೇಟಿನಲ್ಲಿ ಎರಡು ಗಂಟೆ ಕಾದು
ಅದನ್ನು ನೋಡಿ ಬಂದೆ.
ಎಣ್ಣೆಯ ಕಾಟವೇ ಬೇಡವೆಂದು ಕಪ್ಪು ಪೇಂಟು ಬಳಿದಿದ್ದಾರೆ,
ಮೂರು ಗೆರೆ ತುಂಬಿಹೋಗಿದೆ.
ನಳಿಗೆಯ ಮೇಲೆ ಮಾತ್ರ ಪೇಂಟು ಸುಲಿದು
ಬಳೆ ಬಳೆ ಕಾಣುತ್ತವೆ, ಕಾವು ಗಾಳಿಗೆ ಹೋಗಲೆಂದು ಕಡೆದವು.
ಬೆರಳಾಡಿಸಿದೆ.
ಹೇಳಲು ನಾಚಿಕೆ, ಆದರೂ ಒಳ್ಳೆಯ ಕೆಲಸ:
ಕೊರೆತ ಸಮ, ಅಂಚು ಸಮ.
ತುದಿಯಿಂದ ಹನ್ನೊಂದನೆಯದರಲ್ಲಿ ಉಗುರು ತಡೆಯಿತು,
ಟೂಲು ನಡುಗಿದ ಗುರುತು.
ನನಗೂ ಹಾಗಾಗುತ್ತದೆ, ಸಂಜೆ ನಾಲ್ಕರ ಮೇಲೆ,
ಮಗನಿಗೆ ಜ್ವರವಿದ್ದ ದಿನ.
ಅಲ್ಲಿ ಯಾರ ಮನೆಯಲ್ಲಿ ಏನಾಗಿತ್ತೋ.
ಮೇಸ್ತ್ರಿ ನೋಡಿ, ಪರವಾಗಿಲ್ಲ ಬಿಡು, ಅಂದಿರಬೇಕು.

ಬಸ್‌ಸ್ಟಾಪಿನ ಹಿಂದೆ, ಯಾವ ಮರದಲ್ಲೋ ಕಾಣದು,
ಟುಕ್ ಟುಕ್ ಟುಕ್.
ಕೂತು ಎಣಿಸಿದೆ.
ಇಪ್ಪತ್ತೆಂಟಕ್ಕೆ ಬಸ್ಸು ಬಂತು.
ಎದ್ದೆ. ಸೀಟು ಸಿಕ್ಕಿತು.