ಬಿ-ಯೋ ಎಂಟೋ

ಚಳ್ಳಕೆರೆ, ಪಾವಗಡ ರಸ್ತೆ. ವೇಬ್ರಿಡ್ಜಿನ ಗೂಡಲ್ಲಿ
ಹದಿನೆಂಟು ವರ್ಷದ ಕಂಪ್ಯೂಟರಿಗೆ ಡಿಸ್ಕು ಸತ್ತು,
ಹೊಸ ಡಿಸ್ಕಿಗೆ ಹಳೇ ವಿಂಡೋಸ್ ಇಳಿಸಹೋದರೆ
ಕೀಲಿ ಕೇಳಿ ನಿಂತಿದೆ.
ಹಳೇದನ್ನ ಬಿಡಂಗಿಲ್ಲ:
ತೂಕ ಓದುವ ಸಾಫ್ಟ್‌ವೇರಿಗೆ ಹೊಸದೆಂದರೆ
ಓದಲು ಬಾರದ ಲಿಪಿಯ ಬಸ್ ಬೋರ್ಡು.

ಮುರಿಗೆಪ್ಪನವರು ಪೆನ್ ಡ್ರೈವು ಚಾಚಿದರು.
"ಅಳಿಯ ಕೊಟ್ಟಿದ್ದು. ಇದರಾಗೆ ಕ್ರ್ಯಾಕ್ ಐತೆ ಶಂಷಾದಮ್ಮ,
ಒಂದೇ ಒತ್ತು, ಜನ್ಮದಾಗೆ ಮತ್ತೆ ಕೇಳಲ್ಲ."
ಕೇಳಲ್ಲ, ನಿಜ.
ಬೇಲಿ ಕಿತ್ತ ಹೊಲವೂ ಯಾರನ್ನೂ ಕೇಳಲ್ಲ.

ಮೂಲೆಗೆ ಕೈ ತೋರಿಸಿದೆ:
ಇಪ್ಪತ್ತು ಕಿಲೋದ ಕಬ್ಬಿಣದ ಕಲ್ಲುಗಳು,
ಒಂದೊಂದರ ಹೊಟ್ಟೆಯ ಸೀಸಕ್ಕೂ ಸರ್ಕಾರದ ಮುದ್ರೆ.
"ಮುದ್ರೆ ಇಲ್ಲದ ಕಲ್ಲು ತಂದರೆ ಅಳಿಯ, ಇಟ್ಕೊಂತೀರಾ?
ಒಳಗೆ ಟೊಳ್ಳು ಕೊರೆದಿದ್ದರೆ?
ಶೇಂಗಾ ಲಾರಿಗೆ ಹತ್ತು ಕಿಲೋ ಸದ್ದಿಲ್ಲದೆ ಕಮ್ಮಿಯಾದರೆ
ಮಾತು ಬರೋದು ಈ ಗೂಡಿಗೆ."
ಪೆನ್ ಡ್ರೈವು ಎಲೆಅಡಿಕೆ ಸಂಚಿಗೆ ವಾಪಸು ಹೋಯಿತು.

ಡಬ್ಬಿಯ ಪಕ್ಕಕ್ಕೆ ಅಂಟಿದ ಚೀಟಿ.
ಇಪ್ಪತ್ತೈದು ಅಕ್ಷರ. ಹೊಟ್ಟು, ಧೂಳು, ತಿಪ್ಪೇಶನ ಮೊಣಕಾಲು
ತಿಕ್ಕಿ ತಿಕ್ಕಿ ಸವೆಸಿದ್ದವು.
ಮೊಬೈಲ್ ಬೆಳಕನ್ನು ಓರೆ ಹಿಡಿದೆ.
ಹದಿನಾಲ್ಕನೆಯದು ಬಿ-ಯೋ ಎಂಟೋ?
ತಿಪ್ಪೇಶ ಎಂಟು ಅಂದ. ಮುರಿಗೆಪ್ಪ ಕನ್ನಡಕ ಒರೆಸಿಕೊಂಡು ಬಿ ಅಂದರು.
ಎಂಟು ಒತ್ತಿದೆ, ಒಲ್ಲೆ ಅಂತು.
ಬಿ ಒತ್ತಿದೆ.
ಮುನಿದ ಅತ್ತಿಗೆ ಊಟಕ್ಕೆ ಕೂತ ಹಾಗೆ
ಮಾತಿಲ್ಲದೆ ಒಪ್ಪಿತು.

ಆಮೇಲೆ ಫೋನು. ಆರಾರು ಅಂಕಿ, ಒಂಬತ್ತು ಗುಂಪು,
ಮಗ್ಗಿ ಒಪ್ಪಿಸುವ ಹುಡುಗಿಯಂತೆ ಓದಿದೆ.
ಲಾರಿ ಹಾರ್ನು ಹೊಡೆದಾಗ ಮತ್ತೆ ಮೊದಲಿಂದ.
ಆ ಕಡೆಯ ಯಂತ್ರದ ದನಿ ಕೇಳಿತು:
ಇದನ್ನು ಎಷ್ಟು ಕಂಪ್ಯೂಟರಿಗೆ ಹಾಕಿದ್ದೀರಿ?
ಮುರಿಗೆಪ್ಪನವರು ಕೆಮ್ಮಿದರು.
ಮಿಲ್ಲಿನಾಗೂ ಒಂದೈತಲ್ಲ, ಅದಕ್ಕೂ ಇದನ್ನೇ, ಎಂದು
ಬೆಳಿಗ್ಗೆ ತಾವೇ ಅಂದಿದ್ದರು.
ಒಂದು, ಅಂದೆ.
ಅವರ ಮುಖ ನೋಡುತ್ತಲೇ ಅಂದೆ.

ಉತ್ತರದ ಅಂಕಿಗಳು ಬಂದವು, ಕೀಲಿ ತಿರುಗಿತು.
ನಾನು ಮೊದಲು ಮಾಡಿದ್ದು,
ಹಿಂದಿನ ನೆಟ್ ವೈರು ಕಿತ್ತು, ಸುರುಳಿ ಸುತ್ತಿ
ಮೊಳೆಗೆ ನೇತುಹಾಕಿದ್ದು.
"ಇದಕ್ಕಿನ್ನು ಊರ ಸುದ್ದಿ ಬೇಡ. ಯಾರ ಪೆನ್ ಡ್ರೈವೂ ಬೇಡ.
ಇದರ ಕಾಯಿಲೆಗೆ ಔಷಧಿ ಬರೋದು ನಿಂತು ಎಷ್ಟೋ ಕಾಲವಾಯ್ತು.
ತೂಗಲಿ, ಚೀಟಿ ಕೊಡಲಿ, ಮಲಗಲಿ."
ತಿಪ್ಪೇಶನಿಗೆ ಅದೊಂದೇ ಚಿಂತೆ:
"ಹಾಡೂ ಹಾಕಂಗಿಲ್ವಾ ಅಕ್ಕ?"

ಲಾರಿ ಹತ್ತಿತು. ತೆರೆಯ ಮೇಲೆ ಅಂಕಿ ಏರಿ,
ತುಸು ನಡುಗಿ, ನಿಂತಿತು.
ಮುರಿಗೆಪ್ಪನವರು ಕಿಟಕಿಯಿಂದ ತಲೆ ಹಾಕಿ ಕೂಗಿದರು:
"ಕೆಳಗಿಳಿಯಪ್ಪ ಡ್ರೈವರೇ, ನೀನೇನು ಶೇಂಗಾನಾ?"
ಅವನು ಬೀಡಿ ಎಸೆದು ಇಳಿದ.
ಅರವತ್ತೈದು ಕಿಲೋ ಇಳಿಯಿತು.